ಟೂಮ್‌ಸ್ಟೋನ್‌ನ ಸಂಜೆಯ ದೆವ್ವದ ನಡಿಗೆ: ಹೋಗಬಹುದೇ, ಹೋದರೆ ಏನನ್ನು ಕೇಳಿ ತಿಳಿಯಬೇಕು?

ಮರಳುಗಾಡಿನ ಮಲೆನಾಡಿಗ ಬರೆದದ್ದು:

ಫೀನಿಕ್ಸ್ ಸಮೀಪದಲ್ಲಿರುವ ನಮ್ಮ ಮನೆಗೆ ಊರಿನಿಂದ ತಂದೆ ತಾಯಿ ಬಂದಿದ್ದಾರೆ. ಗ್ರ್ಯಾಂಡ್ ಕ್ಯಾನ್ಯನ್, ಸೆಡೋನಾಗಳನ್ನು ನೋಡಿ ಮುಗಿಸಿದ್ದೇವೆ. ಈ ಸಲ ದಕ್ಷಿಣದ ಕಡೆಗೆ ಹೋಗಿ ಅರಿಜೋನಾದ ಹಳೆಯ ಗಣಿಯೂರಾದ ಟೂಮ್‌ಸ್ಟೋನ್‌ನಲ್ಲಿ ಒಂದು ರಾತ್ರಿ ತಂಗುವ ಆಲೋಚನೆಯಿದೆ. ಆ ಊರಿನಲ್ಲಿ ಕತ್ತಲಾದ ಮೇಲೆ ಮಾರ್ಗದರ್ಶಕರು ಲಾಟೀನು ಹಿಡಿದು ಹಳೆಯ ಬೀದಿಗಳಲ್ಲಿ ಜನರನ್ನು ನಡೆಸಿಕೊಂಡು ಹೋಗಿ ದೆವ್ವದ ಕಥೆಗಳನ್ನು ಹೇಳುತ್ತಾರೆಂದು ಕೇಳಿ ನನ್ನ ಹತ್ತು ವರ್ಷದ ಮಗಳು ಕುಣಿಯುತ್ತಿದ್ದಾಳೆ. ಇತಿಹಾಸದ ಮೇಷ್ಟರಾಗಿ ನಿವೃತ್ತರಾದ ನನ್ನ ತಂದೆಯವರು ಮಾತ್ರ, ದೆವ್ವ ತೋರಿಸುವುದಕ್ಕೆ ಡಾಲರು ಕೇಳುವವನನ್ನು ನಂಬುವುದಕ್ಕಿಂತ ಹಗಲಿನಲ್ಲಿ ವಸ್ತುಸಂಗ್ರಹಾಲಯ ನೋಡಿ ಬರುವುದು ವಾಸಿ ಎನ್ನುತ್ತಿದ್ದಾರೆ. ಇಂಥ ನಡಿಗೆಗೆ ಹೋಗಿಬಂದವರು ಇಲ್ಲಿದ್ದರೆ, ಅಲ್ಲಿ ನಿಜವಾದ ಇತಿಹಾಸ ಏನಾದರೂ ಸಿಗುತ್ತದೆಯೇ, ಮಗುವಿಗೂ ಹಿರಿಯರಿಗೂ ಅದು ಹೊಂದುತ್ತದೆಯೇ ಎಂಬುದನ್ನು ದಯವಿಟ್ಟು ತಿಳಿಸಿ.

ಕಡತಪ್ರಿಯ ಬರೆದದ್ದು:

ನಾನು ಟ್ಯೂಸಾನ್‌ನಲ್ಲಿದ್ದೇನೆ, ಬಂದ ನೆಂಟರನ್ನೆಲ್ಲ ಅಲ್ಲಿಗೆ ಕರೆದೊಯ್ಯುವುದು ನನ್ನ ಪಾಲಿಗೆ ಬಂದ ಕೆಲಸವಾಗಿದೆ. ಹೋಗಿ ಎಂದೇ ನನ್ನ ಸಲಹೆ. ಆದರೆ ನಿಮ್ಮ ತಂದೆಯವರ ಸಂಶಯವನ್ನು ಮನೆಯಲ್ಲಿ ಬಿಟ್ಟು ಹೋಗಬೇಡಿ, ಅದು ಅಲ್ಲಿ ಬಹಳ ಉಪಯೋಗಕ್ಕೆ ಬರುತ್ತದೆ. ಆ ಊರಿನ ಕಡತಗಳಲ್ಲಿರುವ ಸಾವುಗಳು, ಯಾವ ಮಾರ್ಗದರ್ಶಕನೂ ಕಟ್ಟಿ ಹೇಳುವ ದೆವ್ವಗಳಿಗಿಂತ ವಿಚಿತ್ರವಾಗಿವೆ. ಒಳ್ಳೆಯ ಮಾರ್ಗದರ್ಶಕ ಸಿಕ್ಕರೆ ದೆವ್ವದ ನೆಪದಲ್ಲಿ ಆ ಕಡತಗಳನ್ನೇ ನಿಮ್ಮ ಮುಂದೆ ಬಿಚ್ಚಿಡುತ್ತಾನೆ. ಸಾಧಾರಣದವನು ಸಿಕ್ಕರೆ ಬರೀ ಅಂತೆಕಂತೆ.

ಮೊದಲು ಊರಿನ ಹಿನ್ನೆಲೆಯನ್ನು ಹೇಳುತ್ತೇನೆ. 1877ರಲ್ಲಿ ಎಡ್ ಶೀಫೆಲಿನ್ ಎಂಬ ಅಲೆಮಾರಿ ಗಣಿ ಅನ್ವೇಷಕ ಕ್ಯಾಂಪ್ ವಾಚೂಕಾದ ಸೈನಿಕರ ನಡುವೆ ಇದ್ದುಕೊಂಡು ಸುತ್ತಲಿನ ಬೆಟ್ಟಗಳಲ್ಲಿ ಬೆಳ್ಳಿ ಹುಡುಕುತ್ತಿದ್ದನು. ಅಪಾಚೆ ಎಂಬ ಮೂಲನಿವಾಸಿಗಳ ಆ ಸೀಮೆಯಲ್ಲಿ ನಿನಗೆ ಸಿಗುವ ಕಲ್ಲೆಂದರೆ ನಿನ್ನ ಗೋರಿಯ ಕಲ್ಲು ಮಾತ್ರ ಎಂದು ಸೈನಿಕರು ಹಾಸ್ಯ ಮಾಡಿದರು. ಬೆಳ್ಳಿ ಸಿಕ್ಕಾಗ ಅವನು ತನ್ನ ಗಣಿಗೆ ಟೂಮ್‌ಸ್ಟೋನ್, ಅಂದರೆ ಗೋರಿಗಲ್ಲು, ಎಂದೇ ಹೆಸರಿಟ್ಟನು. 1879ರಲ್ಲಿ ಊರು ಎದ್ದಿತು, ಎರಡು ವರ್ಷಗಳಲ್ಲಿ ಸಾವಿರಾರು ಜನ ಬಂದು ತುಂಬಿಕೊಂಡರು, 1881ರಲ್ಲಿ ಹೊಸದಾಗಿ ರಚನೆಯಾದ ಕೊಚೀಸ್ ಕೌಂಟಿಗೆ (ನಮ್ಮ ಜಿಲ್ಲೆಯಂಥದ್ದು) ಅದೇ ಕೇಂದ್ರವಾಯಿತು. 1900ರ ಜನಗಣತಿಯ ಹೊತ್ತಿಗೆ ಅಲ್ಲಿ ಉಳಿದಿದ್ದವರು 646 ಮಂದಿ.

ನಡಿಗೆಯಲ್ಲಿ ಎಲ್ಲರೂ ಕಾಯುವುದು 1881ರ ಅಕ್ಟೋಬರ್ 26ರ ಗುಂಡಿನ ಕಾಳಗದ ಕಥೆಗಾಗಿ. ಊರಿನ ಕಾನೂನು ಕಾಯುತ್ತಿದ್ದ ವರ್ಜಿಲ್, ವಾಯಟ್, ಮಾರ್ಗನ್ ಎಂಬ ಅರ್ಪ್ ಸೋದರರು ಮತ್ತು ಅವರ ಗೆಳೆಯ, ಜೂಜುಗಾರ ಡಾಕ್ ಹಾಲಿಡೇ ಒಂದು ಕಡೆ. ಅವರೊಂದಿಗೆ ಹಗೆಯಿದ್ದ, ದನ ಸಾಕುವ ಕ್ಲ್ಯಾಂಟನ್ ಮತ್ತು ಮೆಕ್ಲೌರಿ ಮನೆತನದವರು ಇನ್ನೊಂದು ಕಡೆ. ಸುಮಾರು 30 ಸೆಕೆಂಡುಗಳಲ್ಲಿ ಸುಮಾರು 30 ಗುಂಡುಗಳು ಹಾರಿ, ಬಿಲ್ಲಿ ಕ್ಲ್ಯಾಂಟನ್, ಟಾಮ್ ಮೆಕ್ಲೌರಿ ಮತ್ತು ಫ್ರ್ಯಾಂಕ್ ಮೆಕ್ಲೌರಿ ಸತ್ತರು. ಜಗತ್ತೆಲ್ಲ ಇದನ್ನು ಓ.ಕೆ. ಕೊರಾಲ್‌ನ ಕಾಳಗವೆಂದು ಕರೆಯುತ್ತದೆ, ಆದರೆ ಅದು ನಡೆದದ್ದು ಆ ಕುದುರೆ ಲಾಯದ ಒಳಗೆ ಅಲ್ಲವೇ ಅಲ್ಲ. ಫ್ರೀಮಾಂಟ್ ಬೀದಿಗೆ ಹೊಂದಿಕೊಂಡು, ಛಾಯಾಗ್ರಾಹಕ ಸಿ.ಎಸ್. ಫ್ಲೈ ಅವರ ಸ್ಟುಡಿಯೋ ಪಕ್ಕದಲ್ಲಿದ್ದ ಕಿರಿದಾದ ಖಾಲಿ ನಿವೇಶನದಲ್ಲಿ. ನಿಮ್ಮ ಮಾರ್ಗದರ್ಶಕ ಈ ವಿಷಯವನ್ನು ತಾನಾಗಿಯೇ ಹೇಳಿದರೆ ಅವನ ಉಳಿದ ಮಾತನ್ನೂ ಕಿವಿಗೊಟ್ಟು ಕೇಳಬಹುದು. ಕೊರಾಲ್‌ನ ಬಾಗಿಲಲ್ಲೇ ನಿಂತು, ಇಲ್ಲಿಯೇ ಬಿದ್ದರು, ಇಲ್ಲಿಯೇ ಅವರ ನೆರಳು ಓಡಾಡುತ್ತದೆ ಎಂದು ಶುರುಮಾಡಿದರೆ, ನೆರಳಿಗೆ ಕೂಡ ವಿಳಾಸ ತಪ್ಪಿದೆ ಎಂದುಕೊಳ್ಳಿ.

ಇನ್ನೊಂದು ಮಾತನ್ನು ಗಟ್ಟಿಯಾಗಿ ನೆನಪಿಡಬೇಕು. ಆ ಊರು ಎರಡು ಸಲ ಸುಟ್ಟುಹೋಗಿದೆ. 1881ರ ಜೂನ್ 22ರಂದು ಒಂದು ಸಲೂನಿನ, ಅಂದರೆ ಮದ್ಯದಂಗಡಿಯ, ಮುಂದೆ ವಿಸ್ಕಿ ಪೀಪಾಯಿಗೆ ಚುಟ್ಟಾದ ಕಿಡಿ ತಾಗಿ ಹೊತ್ತಿದ ಬೆಂಕಿ ಒಂದು; 1882ರ ಮೇ ತಿಂಗಳಲ್ಲಿ ವ್ಯಾಪಾರದ ಬೀದಿಯ ಬಹುಭಾಗವನ್ನು ನುಂಗಿದ ಬೆಂಕಿ ಇನ್ನೊಂದು. ಓ.ಕೆ. ಕೊರಾಲ್, ಗ್ರ್ಯಾಂಡ್ ಹೋಟೆಲ್ ಎರಡೂ ಈ ಎರಡನೆಯ ಬೆಂಕಿಯಲ್ಲಿ ಬೂದಿಯಾದವು. ಆದ್ದರಿಂದ 1881ರ ಇಂಥವರು ಕುಳಿತ ಕುರ್ಚಿ, ಇಂಥವರು ಇಳಿದ ಮೆಟ್ಟಿಲು ಎಂದು ಯಾರಾದರೂ ತೋರಿಸಿದರೆ, ಈ ಮರ 1882ರ ಬೆಂಕಿಯನ್ನು ಹೇಗೆ ದಾಟಿ ಬಂದಿತು ಎಂದು ವಿನಯದಿಂದ ಕೇಳುವುದು ನ್ಯಾಯವಾದ ಪ್ರಶ್ನೆ. ಬೆಂಕಿಯನ್ನು ದಾಟಿ ಉಳಿದದ್ದರಲ್ಲಿ ಬರ್ಡ್ ಕೇಜ್ ಥಿಯೇಟರ್ ಮುಖ್ಯವಾದದ್ದು. 1881ರ ಡಿಸೆಂಬರ್ 26ರಂದು ಬಾಗಿಲು ತೆರೆದ ಅದು ಅಲೆನ್ ಮತ್ತು ಆರನೆಯ ಬೀದಿಗಳು ಕೂಡುವಲ್ಲಿ ಇಂದಿಗೂ ನಿಂತಿದೆ.

ಸಂಶಯಾತ್ಮ ಬರೆದದ್ದು:

ನಾನು ಹೋಗಿದ್ದೆ, ಮತ್ತೆ ಹೋಗುವುದಿಲ್ಲ. ನಮ್ಮ ಗುಂಪಿನವರೆಲ್ಲರ ಕೈಗೂ ವಿದ್ಯುತ್ಕಾಂತೀಯ ಕ್ಷೇತ್ರ ಅಳೆಯುವ ಒಂದೊಂದು ಸಣ್ಣ ಪೆಟ್ಟಿಗೆಯನ್ನು ಕೊಟ್ಟು, ದೀಪ ಹೊತ್ತಿದಾಗ ಪಕ್ಕದಲ್ಲಿ ಯಾರೋ ಇದ್ದಾರೆಂದು ತಿಳಿಯಿರಿ ಎಂದರು. ಪಕ್ಕದಲ್ಲಿದ್ದದ್ದು ಗೋಡೆಯೊಳಗಿನ ಹಳೆಯ ವಿದ್ಯುತ್ ತಂತಿ. ನನ್ನದೇ ಫೋನನ್ನು ಹತ್ತಿರ ಹಿಡಿದಾಗಲೂ ಅದು ಅಷ್ಟೇ ನಿಷ್ಠೆಯಿಂದ ಹೊತ್ತಿಕೊಂಡಿತು. ಫೋಟೋಗಳಲ್ಲಿ ಕಾಣುವ ಬಿಳಿ ಉಂಡೆಗಳನ್ನು ಆತ್ಮಗಳೆಂದು ತೋರಿಸುತ್ತಾರೆ. ಮರುಭೂಮಿಯ ಊರಿನಲ್ಲಿ ಗಾಳಿಯ ತುಂಬ ಧೂಳಿರುತ್ತದೆ, ಫ್ಲ್ಯಾಶ್‌ನ ಬೆಳಕು ಮಸೂರದ ಹತ್ತಿರದ ಧೂಳಿನ ಕಣಕ್ಕೆ ಬಡಿದು ಹಿಂದಿರುಗಿದರೆ ಅದು ಉಂಡೆಯಾಗಿಯೇ ಕಾಣುತ್ತದೆ. ನಮ್ಮ ಮಾರ್ಗದರ್ಶಕರಿಗೆ ಡಾಕ್ ಹಾಲಿಡೇ ಸತ್ತದ್ದು ಎಲ್ಲಿ ಎಂಬುದು ಗೊತ್ತಿರಲಿಲ್ಲ. ಆತ ಸತ್ತದ್ದು 1887ರಲ್ಲಿ, ಕೊಲೊರಾಡೊದ ಗ್ಲೆನ್‌ವುಡ್ ಸ್ಪ್ರಿಂಗ್ಸ್‌ನಲ್ಲಿ, ಕ್ಷಯರೋಗದಿಂದ. ಅಷ್ಟು ದೂರದಿಂದ ಪ್ರತಿ ಸಂಜೆಯೂ ಅಲೆನ್ ಬೀದಿಗೆ ಬಂದು ಹಾಜರಿ ಹಾಕುವ ದೆವ್ವದ ಕರ್ತವ್ಯಪ್ರಜ್ಞೆಯನ್ನು ಮೆಚ್ಚಬೇಕು.

ಕಡತಪ್ರಿಯ ಬರೆದದ್ದು:

ಪೆಟ್ಟಿಗೆಯ ವಿಷಯದಲ್ಲಿ ನಿಮ್ಮ ಮಾತನ್ನು ಒಪ್ಪುತ್ತೇನೆ. ಅಂಥ ಉಪಕರಣ ಕೊಡುವ ನಡಿಗೆಗಳನ್ನು ಬಿಟ್ಟು, ಬರಿಗೈಯಲ್ಲಿ ಕಥೆ ಹೇಳುವವರನ್ನು ಆರಿಸಿಕೊಳ್ಳುವುದು ಒಳ್ಳೆಯದು. ಆದರೆ ಕತ್ತಲಲ್ಲಿ ನಡೆಯುವುದರಿಂದಲೇ ಸಿಗುವ ಲಾಭವೂ ಒಂದಿದೆ. ಹಗಲಿನಲ್ಲಿ ಅಲೆನ್ ಬೀದಿಯೆಂದರೆ ಟೋಪಿ ಮಾರುವವರು, ಕುದುರೆ ಬಂಡಿಗಳು, ನಾಟಕದ ಗುಂಡಿನ ಸದ್ದು. ಸಂಜೆಯಾಗುತ್ತಲೇ ಅಂಗಡಿಗಳು ಬಾಗಿಲು ಹಾಕುತ್ತವೆ, ಮರದ ಹಲಗೆಯ ಕಾಲುದಾರಿಯ ಮೇಲೆ ನಿಮ್ಮದೇ ಹೆಜ್ಜೆ ಸದ್ದು ಮಾಡತೊಡಗುತ್ತದೆ, ಒಂದು ಮೂಲೆಯಿಂದ ಇನ್ನೊಂದು ಮೂಲೆಗೆ ಎಷ್ಟು ಕಡಿಮೆ ದೂರವಿತ್ತೆಂಬುದು ಆಗ ಮೈಗೆ ತಿಳಿಯುತ್ತದೆ.

ಒಂದು ಉದಾಹರಣೆ ಕೊಡುತ್ತೇನೆ. ಅಲೆನ್ ಮತ್ತು ಐದನೆಯ ಬೀದಿಗಳು ಕೂಡುವ ಮೂಲೆಯಲ್ಲಿ ಕ್ರಿಸ್ಟಲ್ ಪ್ಯಾಲೇಸ್ ಸಲೂನ್ ಇದೆ. ಅದೇ ಸ್ಥಳದಲ್ಲಿ ಕೆಳಗೆ ಮದ್ಯದಂಗಡಿ, ಮೇಲಿನ ಅಂತಸ್ತಿನಲ್ಲಿ ಡಾಕ್ಟರ್ ಜಾರ್ಜ್ ಗುಡ್‌ಫೆಲೋ ಅವರ ವೈದ್ಯಶಾಲೆ ಇತ್ತು. ಹೀಗಾಗಿ ಗುಂಡೇಟು ತಿಂದವನನ್ನು ಹೊತ್ತುಕೊಂಡು ಹೋಗಬೇಕಾಗಿದ್ದ ದೂರ ಬಹಳವಿರಲಿಲ್ಲ. ಹೊಟ್ಟೆಗೆ ಗುಂಡು ತಗಲಿದವರನ್ನು ಸಾಯಲು ಬಿಡುವುದೇ ರೂಢಿಯಾಗಿದ್ದ ಕಾಲದಲ್ಲಿ, ಅಂಥವರ ಉದರವನ್ನು ತೆರೆದು ಶಸ್ತ್ರಚಿಕಿತ್ಸೆ ಮಾಡಿ ಉಳಿಸಬಹುದೆಂದು ತೋರಿಸಿದವರಲ್ಲಿ ಈತ ಮೊದಲಿಗ. 1881ರ ಫೆಬ್ರವರಿ 25ರಂದು ಅದೇ ಬೀದಿಯಲ್ಲಿ ಓರಿಯಂಟಲ್ ಸಲೂನಿನ ಮುಂದೆ ಲ್ಯೂಕ್ ಶಾರ್ಟ್ ಎಂಬ ಜೂಜುಗಾರ ಚಾರ್ಲಿ ಸ್ಟಾರ್ಮ್ಸ್ ಎಂಬಾತನಿಗೆ ತೀರಾ ಹತ್ತಿರದಿಂದ ಗುಂಡು ಹಾರಿಸಿದನು. ಶವವನ್ನು ಪರೀಕ್ಷಿಸಿದ ಗುಡ್‌ಫೆಲೋಗೆ ಹೃದಯವನ್ನು ಹೊಕ್ಕ ಗಾಯದಲ್ಲಿ ರಕ್ತವೇ ಕಾಣಲಿಲ್ಲ. ಮೇಲುಜೇಬಿನಲ್ಲಿ ಮಡಿಸಿಟ್ಟಿದ್ದ ರೇಷ್ಮೆ ಕರವಸ್ತ್ರವನ್ನು ಗುಂಡು ತನ್ನ ಸುತ್ತ ಸುತ್ತಿಕೊಂಡೇ ಒಳಗೆ ಹೋಗಿತ್ತು. ಮೂಳೆಗೆ ತಾಗಿದ ಕಡೆ ಬಿಟ್ಟರೆ ರೇಷ್ಮೆ ಹರಿದಿರಲಿಲ್ಲ. ಆತ ಇಂಥ ಪ್ರಕರಣಗಳನ್ನು ಗಮನಿಸುತ್ತ ಹೋಗಿ, ಗುಂಡನ್ನು ರೇಷ್ಮೆ ಹೇಗೆ ತಡೆಯುತ್ತದೆಂಬ ಬಗ್ಗೆ 1887ರಲ್ಲಿ ವೈದ್ಯಕೀಯ ಲೇಖನವನ್ನೇ ಪ್ರಕಟಿಸಿದನು. ಮೈಸೂರು ರೇಷ್ಮೆಯ ಊರಿನಿಂದ ಬಂದ ನಮ್ಮವರಿಗೆ ಈ ಕಥೆ ದೆವ್ವಕ್ಕಿಂತ ಹೆಚ್ಚು ಹಿಡಿಸುತ್ತದೆ, ನೋಡಿ.

ಅದೇ ಮೂಲೆಯಲ್ಲಿ 1881ರ ಡಿಸೆಂಬರ್ 28ರ ರಾತ್ರಿ ವರ್ಜಿಲ್ ಅರ್ಪ್ ರಸ್ತೆ ದಾಟುತ್ತಿದ್ದಾಗ, ಕಟ್ಟುತ್ತಿದ್ದ ಒಂದು ಕಟ್ಟಡದ ಮರೆಯಿಂದ ಕೋವಿಗಳು ಸಿಡಿದವು. ಗುಡ್‌ಫೆಲೋ ಅವನ ಎಡತೋಳಿನ ಮೂಳೆಯನ್ನು ಐದು ಅಂಗುಲಕ್ಕೂ ಹೆಚ್ಚು ಕತ್ತರಿಸಿ ತೆಗೆದನು. ತೋಳು ನಿಷ್ಪ್ರಯೋಜಕವಾಯಿತು, ಆದರೆ ಆಸಾಮಿ ಬದುಕಿದನು. ಮುಂದಿನ ಮಾರ್ಚ್ 18ರಂದು ತಮ್ಮ ಮಾರ್ಗನ್ ಬಿಲಿಯರ್ಡ್ಸ್ ಆಡುತ್ತಿದ್ದಾಗ ಹಿಂಬಾಗಿಲಿನ ಗಾಜಿನ ಮೂಲಕ ಹಾರಿಸಿದ ಗುಂಡಿಗೆ ಬಲಿಯಾದನು. ಇವೆಲ್ಲ ನಡೆದ ಸ್ಥಳಗಳ ನಡುವೆ ಕೆಲವೇ ನಿಮಿಷಗಳ ನಡಿಗೆ. ಇದನ್ನು ಓದಿ ತಿಳಿಯುವುದು ಬೇರೆ, ಕತ್ತಲಲ್ಲಿ ಆ ಮೂಲೆಯಲ್ಲಿ ನಿಂತು ಎದುರಿನ ಗೋಡೆ ಎಷ್ಟು ಹತ್ತಿರವಿದೆಯೆಂದು ನೋಡುವುದು ಬೇರೆ.

ಗಣಿಯೂರಿನವಳು ಬರೆದದ್ದು:

ನಾನು ಹುಟ್ಟಿ ಬೆಳೆದದ್ದು ಕೋಲಾರದ ಚಿನ್ನದ ಗಣಿಗಳ ಚಾಂಪಿಯನ್ ರೀಫ್‌ನಲ್ಲಿ. ಟೂಮ್‌ಸ್ಟೋನ್‌ಗೆ ಹೋದಾಗ ನನಗೆ ಕಂಡ ಕೊರತೆಯೆಂದರೆ, ನಡಿಗೆಯ ಉದ್ದಕ್ಕೂ ಬಂದೂಕಿನ ಮಾತೇ ಹೊರತು ಗಣಿಯ ಮಾತಿಲ್ಲ. ಆ ಊರು ಹುಟ್ಟಿದ್ದೂ ಗಣಿಯಿಂದ, ಸತ್ತದ್ದೂ ಗಣಿಯಿಂದ. ಕೂಲಿಗೆ ಭೂಮಿಯೊಳಗೆ ಇಳಿದವರು ನೂರಾರು ಮಂದಿ, ಬಂದೂಕು ಹಿಡಿದು ಬೀದಿಯಲ್ಲಿ ಸತ್ತವರು ಬೆರಳೆಣಿಕೆಯವರು. ಆದರೂ ದೆವ್ವವಾಗುವ ಅರ್ಹತೆ ಮಾತ್ರ ಬಂದೂಕಿನವರಿಗೇ ಏಕೆ ದೊರೆತಿದೆಯೋ ತಿಳಿಯದು.

1881ರಲ್ಲಿ ಸುಮಾರು 520 ಅಡಿ ಆಳದಲ್ಲಿ ಗಣಿಗೆ ನೀರು ಬಂದಿತು. ಮೇಲೆ ಕುಡಿಯುವ ನೀರಿಗೆ ಪರದಾಡುವ ಮರುಭೂಮಿ, ಕೆಳಗೆ ಅದಿರನ್ನೇ ಮುಳುಗಿಸುವಷ್ಟು ನೀರು. ದೊಡ್ಡ ಕಂಪನಿಗಳು ಭಾರಿ ಪಂಪುಗಳನ್ನು ಕೂರಿಸಿದವು. 1886ರ ಮೇ ತಿಂಗಳಲ್ಲಿ ಗ್ರ್ಯಾಂಡ್ ಸೆಂಟ್ರಲ್ ಗಣಿಯ ಪಂಪ್‌ಘರ್ ಸುಟ್ಟುಹೋದ ಮೇಲೆ ನೀರು ಏರಿತು, ಬೆಳ್ಳಿಯ ಬೆಲೆಯೂ ಇಳಿಯುತ್ತಿತ್ತು, ಜನ ಗಂಟುಮೂಟೆ ಕಟ್ಟಿದರು. ಇಪ್ಪತ್ತನೆಯ ಶತಮಾನದ ಮೊದಲ ವರ್ಷಗಳಲ್ಲಿ ಮತ್ತೊಮ್ಮೆ ಪಂಪುಗಳನ್ನು ತಂದು ಪ್ರಯತ್ನಿಸಿದರು, ಅದೂ ಕೈಗೂಡಲಿಲ್ಲ. ನಮ್ಮಲ್ಲಿ ಜಾನ್ ಟೇಲರ್ ಕಂಪನಿಯವರು ಕೆಲಸ ಆರಂಭಿಸಿದ್ದು 1880ರಲ್ಲಿ, ಅಂದರೆ ಹೆಚ್ಚುಕಡಿಮೆ ಅದೇ ಕಾಲದಲ್ಲಿ. 1902ರಲ್ಲಿ ಶಿವನಸಮುದ್ರದಿಂದ ವಿದ್ಯುತ್ ಬಂದಿತು, ಗಣಿ 3 ಕಿಲೋಮೀಟರಿಗಿಂತ ಆಳಕ್ಕೆ ಹೋಯಿತು, 2001ರವರೆಗೆ ಉಸಿರಾಡಿತು. ಟೂಮ್‌ಸ್ಟೋನ್‌ಗೆ ಆ ಭಾಗ್ಯ ಹತ್ತು ವರ್ಷವೂ ಇರಲಿಲ್ಲ.

ಎರಡೂ ಕಡೆ ಇಂಗ್ಲೆಂಡಿನ ಕಾರ್ನ್‌ವಾಲ್ ಸೀಮೆಯ ಗಣಿ ಕೆಲಸಗಾರರಿದ್ದರು. ಅಮೆರಿಕದ ಪಶ್ಚಿಮದ ಗಣಿಗಳಿಗೆ ಅವರು ತಂದದ್ದು ಕೆಲಸದ ಅನುಭವವನ್ನು ಮಾತ್ರವಲ್ಲ, ಟಾಮಿನಾಕರ್ ಎಂಬ ಕುಳ್ಳ ಭೂತಗಳನ್ನು ಕೂಡ. ಈ ಭೂತಗಳು ಸುರಂಗದ ಗೋಡೆಯನ್ನು ಒಳಗಿನಿಂದ ಟಕಟಕ ಎಂದು ಬಡಿದು, ಚಾವಣಿ ಕುಸಿಯುವ ಮೊದಲು ಎಚ್ಚರಿಸುತ್ತವೆ ಎಂಬ ನಂಬಿಕೆ. ಊಟದ ಕೊನೆಯ ತುಣುಕನ್ನು ಅವುಗಳಿಗೆಂದು ಬಿಟ್ಟು ಬರುತ್ತಿದ್ದರು. ಮೇಲಿನ ಬಂಡೆಯ ಭಾರಕ್ಕೆ ಆಧಾರದ ಮರದ ಕಂಬಗಳು ಮುರಿಯುವ ಮೊದಲು ನಿಜವಾಗಿಯೂ ಸದ್ದು ಮಾಡುತ್ತವೆ. ಆದ್ದರಿಂದ ಆ ಭೂತವನ್ನು ನಂಬಿ ಹೊರಗೆ ಓಡಿದವನು ಬದುಕಿಕೊಳ್ಳುತ್ತಿದ್ದನು. ಬಂಡೆ ಸಿಡಿಯುವ ಸದ್ದಿಗೆ ರಾತ್ರಿ ಎದ್ದು ಕುಳಿತು, ಪಾಳಿಗೆ ಹೋದವರ ಹೆಸರನ್ನು ಮನಸ್ಸಿನಲ್ಲೇ ಎಣಿಸುತ್ತಿದ್ದ ಮನೆಗಳಿಂದ ಬಂದವಳಾದ ನನಗೆ, ಆ ಊರಿನ ಕಥೆಗಳಲ್ಲೆಲ್ಲ ನಂಬಬೇಕೆನಿಸಿದ ಭೂತ ಇದೊಂದೇ. ನಡಿಗೆಗೆ ಮೊದಲು ಹಗಲಿನಲ್ಲಿ ಗುಡ್ ಎನಫ್ ಗಣಿಯ ಒಳಗೆ ಕರೆದೊಯ್ಯುವ ಪ್ರವಾಸ ನಡೆಯುತ್ತಿದ್ದರೆ ತಪ್ಪದೆ ಹೋಗಿ. ಸುರಂಗಗಳು ಊರಿನ ಅಡಿಯಲ್ಲೇ ಹಾದುಹೋಗಿವೆ ಎಂಬುದು ಗೊತ್ತಿದ್ದರೆ ರಾತ್ರಿ ಟಫ್‌ನಟ್ ಬೀದಿಯಲ್ಲಿ ನಡೆಯುವ ಅನುಭವವೇ ಬದಲಾಗುತ್ತದೆ.

ಮರಳುಗಾಡಿನ ಮಲೆನಾಡಿಗ ಬರೆದದ್ದು:

ಎಲ್ಲರಿಗೂ ಧನ್ಯವಾದಗಳು. ಇದನ್ನೆಲ್ಲ ತಂದೆಯವರಿಗೆ ಓದಿ ಹೇಳಿದೆ, ರೇಷ್ಮೆ ಕರವಸ್ತ್ರದ ಕಥೆಗೆ ಅವರು ಅರ್ಧ ಸೋತಿದ್ದಾರೆ. ಮಗಳ ವಿಷಯದಲ್ಲಿ ಮಾತ್ರ ನನ್ನ ಆತಂಕ ಹೋಗಿಲ್ಲ. ಬರ್ಡ್ ಕೇಜ್‌ನ ರಾತ್ರಿಯ ಪ್ರವಾಸದ ಬಗ್ಗೆ ಓದಿದಾಗ ಅಲ್ಲಿ 26 ಜನ ಸತ್ತಿದ್ದಾರೆ, 140 ಗುಂಡಿನ ತೂತುಗಳಿವೆ ಎಂದಿತ್ತು. ಇದು ನಿಜವೇ, ಮತ್ತು ಮಗು ಕೇಳಬಹುದಾದ ಕಥೆಗಳೇ ಅಲ್ಲಿ ಹೇಳುತ್ತಾರೆಯೇ?

ಹಳೆಬೇರು ಬರೆದದ್ದು:

ಆ ಎರಡು ಸಂಖ್ಯೆಗಳು ಥಿಯೇಟರಿನವರೇ ಹೇಳಿಕೊಂಡು ಬಂದಿರುವ ಲೆಕ್ಕ. ತೂತುಗಳನ್ನು ಕಣ್ಣಾರೆ ನೋಡಬಹುದು, ಎಣಿಸುವ ತಾಳ್ಮೆ ನಿಮ್ಮದು. ಸತ್ತವರ ಪಟ್ಟಿಯನ್ನು ಹೆಸರು, ದಿನಾಂಕ ಸಮೇತ ಕೇಳಿ ನೋಡಿ. 1880ರ ಮೇ 1ರಿಂದ ಪ್ರಕಟವಾಗತೊಡಗಿದ ಟೂಮ್‌ಸ್ಟೋನ್ ಎಪಿಟಾಫ್ ಎಂಬ ಪತ್ರಿಕೆ ಆ ಊರಿನಲ್ಲಿತ್ತು, ಕೊಲೆಯ ಸುದ್ದಿಯನ್ನು ಬಿಟ್ಟುಕೊಡುವ ಜಾಯಮಾನ ಆ ಕಾಲದ ಯಾವ ಪತ್ರಿಕೆಯದೂ ಆಗಿರಲಿಲ್ಲ.

ಮಗುವಿನ ಬಗ್ಗೆ ಹೇಳುವುದಾದರೆ, ಬರ್ಡ್ ಕೇಜ್ ನಾಟಕಶಾಲೆ, ಮದ್ಯದಂಗಡಿ, ಜೂಜಿನ ಮನೆ, ವೇಶ್ಯಾಗೃಹ ಎಲ್ಲವೂ ಆಗಿದ್ದ ಸ್ಥಳ. ಸಭಾಂಗಣದ ಎರಡೂ ಬದಿಯಲ್ಲಿ ಎತ್ತರದಲ್ಲಿ ಪರದೆಯಿಂದ ಮುಚ್ಚಿಕೊಳ್ಳಬಹುದಾದ ಸಣ್ಣ ಕೋಣೆಗಳಿವೆ, ಅವು ಏತಕ್ಕಾಗಿ ಇದ್ದವೆಂದು ಹತ್ತು ವರ್ಷದವಳು ಕೇಳಿದರೆ ಉತ್ತರ ಸಿದ್ಧವಾಗಿಟ್ಟುಕೊಂಡಿರಿ. ನನ್ನ ಆಕ್ಷೇಪ ಮಗುವಿನ ಕಿವಿಗೆ ಸಂಬಂಧಿಸಿದ್ದಲ್ಲ, ಹೇಳುವ ರೀತಿಗೆ ಸಂಬಂಧಿಸಿದ್ದು. ಆ ಹೆಣ್ಣುಮಕ್ಕಳ ಕಾಯಿಲೆ, ಸಾಲ, ಒಂಟಿತನ ಎಲ್ಲವೂ ರಾತ್ರಿಯ ಪ್ರವಾಸದಲ್ಲಿ ಒಂದು ನಗೆಯ ಮಾತಾಗಿ ತೇಲಿಹೋಗುತ್ತವೆ, ನಂತರ ಅವರನ್ನೇ ನೆರಿಗೆಯ ಅಂಗಿ ತೊಟ್ಟ ಪ್ರೇತಗಳನ್ನಾಗಿ ಮಾಡಿ ಪೋಸ್ಟ್‌ಕಾರ್ಡಿನಲ್ಲಿ ಮಾರುತ್ತಾರೆ. ಅದನ್ನು ಬಿಟ್ಟು ಹೊರಗಿನ ಬೀದಿಯ ನಡಿಗೆಯನ್ನು ಆರಿಸಿಕೊಳ್ಳಿ, ನೆಲ್ಲಿ ಕ್ಯಾಶ್‌ಮನ್ ಅವರ ಕಥೆ ಹೇಳುತ್ತೀರಾ ಎಂದು ಮೊದಲೇ ವಿಚಾರಿಸಿ. ಐರ್ಲೆಂಡಿನಿಂದ ಬಂದ ಆಕೆ ಊಟದ ಮನೆ ನಡೆಸುತ್ತ, ಗಣಿ ಕೆಲಸಗಾರರಿಗೆ ತಾಯಿಯಂತಿದ್ದವರು.

ಆಕೆಯ ಕಥೆ 1884ರ ಗಲ್ಲಿನ ಕಥೆಯೊಂದಿಗೆ ಹೆಣೆದುಕೊಂಡಿದೆ. 1883ರ ಡಿಸೆಂಬರ್ 8ರಂದು ನೆರೆಯ ಬಿಸ್ಬಿಯಲ್ಲಿ ಒಂದು ಅಂಗಡಿಯ ದರೋಡೆ ನಡೆದು ನಾಲ್ವರು ಸತ್ತರು. ಐವರಿಗೆ ಗಲ್ಲು ಶಿಕ್ಷೆಯಾಯಿತು. ಅವರನ್ನು ನೇಣಿಗೇರಿಸುವುದನ್ನು ನೋಡಲು ಒಬ್ಬನು ನ್ಯಾಯಾಲಯದ ಅಂಗಳದ ಹೊರಗೆ ಮರದ ಅಟ್ಟಣೆ ಕಟ್ಟಿ ಟಿಕೆಟ್ ಮಾರಲು ಹೊರಟನು; ಕ್ಯಾಶ್‌ಮನ್ ಗಣಿ ಕೆಲಸಗಾರರನ್ನು ಕೂಡಿಸಿಕೊಂಡು ಹಿಂದಿನ ರಾತ್ರಿಯೇ ಆ ಅಟ್ಟಣೆಯನ್ನು ಕೆಡವಿಸಿದರೆಂದು ಆ ಊರಿನಲ್ಲಿ ಇಂದಿಗೂ ಹೇಳುತ್ತಾರೆ. ಮಾರ್ಚ್ 28ರಂದು ಐವರನ್ನೂ ಒಟ್ಟಿಗೆ ನೇಣಿಗೇರಿಸಲಾಯಿತು. ಸತ್ತವರನ್ನು ತೋರಿಸಿ ಟಿಕೆಟ್ ಮಾರುವ ವ್ಯಾಪಾರಕ್ಕೆ ಆ ಊರಿನಲ್ಲೇ ಒಬ್ಬ ಹೆಂಗಸು ಅಂದೇ ಅಡ್ಡ ನಿಂತಿದ್ದರು ಎಂಬುದನ್ನು ಟಿಕೆಟ್ ಕೊಂಡು ನಡೆಯುವ ನಾವು ತಿಳಿದಿರುವುದು ಒಳ್ಳೆಯದಲ್ಲವೇ.

ಕಡತಪ್ರಿಯ ಬರೆದದ್ದು:

ಹಳೆಬೇರು ಅವರು ಹೇಳಿದ ಪ್ರಕರಣದಲ್ಲಿ ಆರನೆಯವನೂ ಒಬ್ಬನಿದ್ದಾನೆ. ಜಾನ್ ಹೀತ್ ಎಂಬ ಇವನ ವಿಚಾರಣೆ ಬೇರೆಯಾಗಿ ನಡೆದು ಗಲ್ಲಿಗೆ ಬದಲಾಗಿ ಜೀವಾವಧಿ ಶಿಕ್ಷೆಯಾಯಿತು. ಅದನ್ನು ಸಹಿಸದ ಬಿಸ್ಬಿಯ ಜನ 1884ರ ಫೆಬ್ರವರಿ 22ರಂದು ಗುಂಪಾಗಿ ಬಂದು, ಅವನನ್ನು ಸೆರೆಮನೆಯಿಂದ ಎಳೆದು ಟಫ್‌ನಟ್ ಬೀದಿಯ ಟೆಲಿಗ್ರಾಫ್ ತಂತಿ ಕಂಬಕ್ಕೆ ನೇತುಹಾಕಿದರು. ಹಾಡಹಗಲಿನಲ್ಲಿ ನಡೆದ ಈ ಕೃತ್ಯದ ಫೋಟೋ ಇದೆ. ಕಂಬದಲ್ಲಿ ಶವ, ಕೆಳಗೆ ಮುಖ ಮರೆಸಿಕೊಳ್ಳುವ ಗೋಜಿಗೂ ಹೋಗದೆ ನಿಂತ ಜನ. ಮರಣ ವಿಚಾರಣೆಯಲ್ಲಿ ಡಾಕ್ಟರ್ ಗುಡ್‌ಫೆಲೋ ಕೊಟ್ಟ ಕಾರಣ ಹೀಗಿತ್ತು: ಎತ್ತರದ ಪ್ರದೇಶಗಳಲ್ಲಿ ಸಾಮಾನ್ಯವಾದ ಶ್ವಾಸಕೋಶದ ಊತದಿಂದ ಈತ ಸತ್ತನು, ಆ ಊತವು ಕತ್ತು ಬಿಗಿದದ್ದರಿಂದ ಬಂದಿರಬಹುದು, ಬಿಗಿದವನು ಅವನೇ ಆಗಿರಬಹುದು ಅಥವಾ ಬೇರೆಯವರಾಗಿರಬಹುದು. ಊರಿಗೆ ಊರೇ ಸಾಕ್ಷಿಯಾಗಿದ್ದ ಕೊಲೆಗೆ ಅಪರಾಧಿಗಳೇ ಇಲ್ಲದಂತಾಯಿತು. ನನ್ನ ಮಟ್ಟಿಗೆ ಟೂಮ್‌ಸ್ಟೋನ್‌ನ ಅತ್ಯಂತ ಭಯಾನಕ ಕಥೆ ಈ ಒಂದು ವಾಕ್ಯದ ಕಾಗದ. ಯಾವ ಮಾರ್ಗದರ್ಶಕ ಆ ಬೀದಿಯಲ್ಲಿ ನಿಂತು, ದನಿ ಎತ್ತದೆ, ಇದನ್ನು ಓದಿ ಸುಮ್ಮನಾಗುತ್ತಾನೋ ಅವನಿಗೆ ಕೊಟ್ಟ ದುಡ್ಡು ವ್ಯರ್ಥವಲ್ಲ.

1882ರಲ್ಲಿ ಕಟ್ಟಿದ ನ್ಯಾಯಾಲಯದ ಕಟ್ಟಡ ಈಗ ರಾಜ್ಯ ಉದ್ಯಾನ ಇಲಾಖೆಯ ವಸ್ತುಸಂಗ್ರಹಾಲಯ. ಅಂಗಳದಲ್ಲಿ ಈಗಿರುವ ನೇಣುಗಂಬ ಹಳೆಯದರ ಪ್ರತಿಕೃತಿ. ನಿಮ್ಮ ತಂದೆಯವರನ್ನು ಹಗಲಿನಲ್ಲಿ ಇಲ್ಲಿಗೆ ಕರೆದುಕೊಂಡು ಹೋಗಿ. ಸಂಜೆ ಮಾರ್ಗದರ್ಶಕನ ಕಥೆಯನ್ನು ಅವರೇ ತಿದ್ದುವಂತಾಗುತ್ತಾರೆ.

ಬೂದಿಬೆಟ್ಟ ಬರೆದದ್ದು:

ಎಲ್ಲರೂ ಇಷ್ಟು ಬರೆದಿದ್ದೀರಿ, ಆದರೆ ನೆಲ ಯಾರದು ಎಂಬ ಮಾತನ್ನು ಯಾರೂ ಎತ್ತಿಲ್ಲ. ಈಶಾನ್ಯದಲ್ಲಿ ಕಾಣುವ ಡ್ರಗೂನ್ ಬೆಟ್ಟಗಳಲ್ಲಿ ಚಿರಿಕಾವ ಅಪಾಚೆಗಳ ನಾಯಕ ಕೊಚೀಸ್ 1874ರಲ್ಲಿ ತೀರಿಕೊಂಡನು. ಅವನನ್ನು ಎಲ್ಲಿ ಹೂಳಲಾಯಿತೆಂಬುದಕ್ಕೆ ಗುರುತಿಲ್ಲ. ಅವನೊಂದಿಗೆ ಮಾಡಿಕೊಂಡ ಒಪ್ಪಂದದಂತೆ 1872ರಲ್ಲಿ ಮೀಸಲಿಟ್ಟ ಸೀಮೆಯನ್ನು ಸರ್ಕಾರ 1876ರಲ್ಲಿ ರದ್ದುಮಾಡಿ ಜನರನ್ನು ಸ್ಯಾನ್ ಕಾರ್ಲೋಸ್ ಎಂಬ ಇನ್ನೊಂದು ಮೀಸಲು ಸೀಮೆಗೆ ಸಾಗಿಸಿತು. ಶೀಫೆಲಿನ್ ಬೆಳ್ಳಿ ಹುಡುಕಿಕೊಂಡು ಬಂದದ್ದು ಮರುವರ್ಷ. ಕಾಳಗದ ಮಗ್ಗುಲಲ್ಲಿ ಸ್ಟುಡಿಯೋ ಇಟ್ಟುಕೊಂಡಿದ್ದ ಅದೇ ಫ್ಲೈ, 1886ರ ಮಾರ್ಚ್‌ನಲ್ಲಿ ಮೆಕ್ಸಿಕೋದ ಕಣಿವೆಯೊಂದರಲ್ಲಿ ಇನ್ನೂ ಶರಣಾಗದಿದ್ದ ಅಪಾಚೆ ಮುಖಂಡ ಜೆರೋನಿಮೋ ಮತ್ತು ಅವನ ಸಂಗಡಿಗರ ಫೋಟೋ ತೆಗೆದನು. ಆ ವರ್ಷದ ಸೆಪ್ಟೆಂಬರ್‌ನಲ್ಲಿ ಜೆರೋನಿಮೋ ಶರಣಾದ ಮೇಲೆ ಚಿರಿಕಾವರನ್ನು ರೈಲಿನಲ್ಲಿ ಫ್ಲಾರಿಡಾಕ್ಕೆ ಕಳುಹಿಸಿ, 27 ವರ್ಷ ಯುದ್ಧಕೈದಿಗಳಾಗಿ ಇಟ್ಟುಕೊಂಡರು. ಗಡಿನಾಡಿನ ಊರು ಎನ್ನುವಾಗ ಗಡಿಯ ಆಚೆಗೂ ಮನುಷ್ಯರಿದ್ದರು. ದೆವ್ವದ ನಡಿಗೆಯಲ್ಲಿ ಅವರು ಕೇವಲ ಕತ್ತಲಿನಿಂದ ಬರುವ ಬಾಣ.

ಚೀನೀಯರ ಪಾಡೂ ಇದೇ. ಬಟ್ಟೆ ಒಗೆಯುತ್ತ, ಅಡುಗೆ ಮಾಡುತ್ತ, ತರಕಾರಿ ಬೆಳೆಯುತ್ತ ಆ ಊರನ್ನು ನಡೆಸಿದವರು ಅವರು. ಅವರ ಕೇರಿಯಲ್ಲಿ ಚೈನಾ ಮೇರಿ ಎಂದೇ ಹೆಸರಾಗಿದ್ದ ಹೆಂಗಸಿನ ಮಾತೇ ಕೊನೆಯದಾಗಿತ್ತು. ಚೀನೀಯರನ್ನು ಊರು ಬಿಡಿಸಬೇಕೆಂದು ಸಂಘ ಕಟ್ಟಿದವರೂ ಅದೇ ಊರಿನವರು. ಬೂಟ್‌ಹಿಲ್ ಸ್ಮಶಾನದಲ್ಲಿ ಚೀನೀಯರ ಗೋರಿಗಳಿವೆ, ಯಹೂದಿಗಳ ನೆನಪಿಗೆ 1984ರಲ್ಲಿ ನಿಲ್ಲಿಸಿದ ಸ್ಮಾರಕವೂ ಇದೆ. ಅವುಗಳ ಮುಂದೆ ನಿಲ್ಲುವವರು ಕಡಿಮೆ.

ಸಂಶಯಾತ್ಮ ಬರೆದದ್ದು:

ಬೂಟ್‌ಹಿಲ್‌ನ ಮಾತು ಬಂದದ್ದರಿಂದ ಹೇಳುತ್ತೇನೆ. ಅಲ್ಲಿ ಈಗ ಕಾಣುವ ಗುರುತಿನ ಹಲಗೆಗಳು 1880ರ ದಶಕದವಲ್ಲ. ಹಳೆಯವು ಗಾಳಿಗೆ, ಬಿಸಿಲಿಗೆ, ನೆನಪಿನ ವಸ್ತು ಕದಿಯುವವರ ಕೈಗೆ ಸಿಕ್ಕಿ ಹೋದ ಮೇಲೆ, ಇಪ್ಪತ್ತನೆಯ ಶತಮಾನದಲ್ಲಿ ಊರಿನವರು ಹುಡುಕಿ ಬರೆಸಿ ನೆಟ್ಟವು. ಲೆಸ್ಟರ್ ಮೂರ್ ಎಂಬವನ ಹೆಸರಿನಲ್ಲಿ ಪ್ರಾಸಬದ್ಧವಾಗಿ ನಾಲ್ಕು ಗುಂಡಿನ ಕಥೆ ಹೇಳುವ ಹಲಗೆಯ ಮುಂದೆ ಎಲ್ಲರೂ ಫೋಟೋ ತೆಗೆಸಿಕೊಳ್ಳುತ್ತಾರೆ. ಅದು ಪ್ರವಾಸಿಗರಿಗಾಗಿ ಹುಟ್ಟಿದ ಪದ್ಯವೆಂದೇ ನನ್ನ ಗುಮಾನಿ. 1929ರಲ್ಲಿ ಕೌಂಟಿಯ ಕೇಂದ್ರ ಬಿಸ್ಬಿಗೆ ಹೋಯಿತು, ಅದೇ ವರ್ಷ ಹೆಲ್ಡೊರಾಡೋ ಎಂಬ ಉತ್ಸವ ಶುರುವಾಯಿತು. 1934ರಲ್ಲಿ ಬೀಗ ಹಾಕಿದ್ದ ಬರ್ಡ್ ಕೇಜ್ ಪ್ರವಾಸಿಗರಿಗಾಗಿ ತೆರೆಯಿತು. ಬೆಳ್ಳಿ ಮುಗಿದ ಮೇಲೆ ಆ ಊರು ಅಗೆದು ತೆಗೆದದ್ದು ತನ್ನದೇ ಹೆಣಗಳನ್ನು. ಅದರಿಂದಲೇ ಇಂದು ಸಾವಿರದ ಮುನ್ನೂರು ಜನ ಅಲ್ಲಿ ಬದುಕಿದ್ದಾರೆ ಎಂಬುದನ್ನೂ ಒಪ್ಪುತ್ತೇನೆ. ಆದರೆ ಅದು ವ್ಯಾಪಾರವೆಂದು ತಿಳಿದು ಹೋಗಿ.

ಗಣಿಯೂರಿನವಳು ಬರೆದದ್ದು:

ವ್ಯಾಪಾರವೆಂಬುದು ನಿಜ, ಆದರೆ ಗಣಿ ಮುಚ್ಚಿದ ಊರಿನವಳಾಗಿ ನಾನು ಅವರನ್ನು ಅಷ್ಟು ಸುಲಭವಾಗಿ ಹಳಿಯಲಾರೆ. ಕೆಲಸ ಹೋದ ಊರಿನಲ್ಲಿ ಉಳಿದವರು ಏನನ್ನಾದರೂ ಮಾರಲೇಬೇಕು. ನಮ್ಮ ಊರಿನಲ್ಲಿ ಬೆಳಗಿನ ಜಾವದಿಂದ ರೈಲಿನಲ್ಲಿ ಬೆಂಗಳೂರಿಗೆ ಕೂಲಿಗೆ ಹೋಗಿ ರಾತ್ರಿ ಹಿಂದಿರುಗುವವರನ್ನು ನೋಡಿದ್ದೇನೆ. ಸಂಜೆ ಲಾಟೀನು ಹಿಡಿದು ತನ್ನ ಊರಿನ ಕಥೆ ಹೇಳಿ ಅಲ್ಲಿಯೇ ಉಣ್ಣುವವನ ಮೇಲೆ ನನಗೆ ಸ್ವಲ್ಪ ಹೊಟ್ಟೆಕಿಚ್ಚೂ ಇದೆ.

ಇನ್ನು ನಿಮ್ಮ ತಾಯಿಯವರ ವಿಷಯ. ಹಲಗೆಯ ಕಾಲುದಾರಿಗಳಲ್ಲಿ ಏರುಪೇರುಗಳಿವೆ, ಅಲ್ಲಲ್ಲಿ ಮೆಟ್ಟಿಲುಗಳಿವೆ, ದೀಪ ಮಂದ. ಸೀರೆಯ ನೆರಿಗೆ ಎತ್ತಿ ಹಿಡಿದು ನಡೆಯಬೇಕಾಗುತ್ತದೆ, ಗಟ್ಟಿ ಅಡಿಯ ಪಾದರಕ್ಷೆ ಇರಲಿ. ಊರು ಸುಮಾರು 4,500 ಅಡಿ ಎತ್ತರದಲ್ಲಿರುವುದರಿಂದ ಫೀನಿಕ್ಸ್‌ನ ಸೆಕೆಯನ್ನು ನಂಬಿಕೊಂಡು ಹೋದರೆ ಚಳಿಗಾಲದ ಸಂಜೆ ಹಲ್ಲು ಕಡಿಯುವಂತಾಗುತ್ತದೆ. ಜುಲೈಯಿಂದ ಸೆಪ್ಟೆಂಬರ್‌ವರೆಗೆ ಸಂಜೆಯ ಹೊತ್ತಿಗೇ ಗುಡುಗು ಮಿಂಚಿನ ಮಳೆ ಬರುವುದುಂಟು, ನಡಿಗೆ ರದ್ದಾದರೆ ಹಣ ಹಿಂದಿರುಗಿಸುತ್ತಾರೆಯೇ ಎಂದು ಮೊದಲೇ ಕೇಳಿಕೊಳ್ಳಿ. ಬೂಟ್‌ಹಿಲ್ ಸಂಜೆಗೆ ಮುಚ್ಚುತ್ತದೆ, ಅದನ್ನು ಹಗಲಿನಲ್ಲೇ ಮುಗಿಸಿ. ಸಸ್ಯಾಹಾರಿಗಳಾಗಿದ್ದರೆ ರಾತ್ರಿಯ ಊಟಕ್ಕೆ ಚಿತ್ರಾನ್ನವನ್ನೋ ಚಪಾತಿಯನ್ನೋ ಕಟ್ಟಿಕೊಂಡು ಹೋಗುವುದು ಕ್ಷೇಮ, ಏಕೆಂದರೆ ನಡಿಗೆ ಮುಗಿಯುವ ಹೊತ್ತಿಗೆ ಅಡುಗೆಮನೆಗಳು ಮುಚ್ಚಿರುತ್ತವೆ.

ಮರಳುಗಾಡಿನ ಮಲೆನಾಡಿಗ ಬರೆದದ್ದು:

ಹಾಗಾದರೆ ಹೀಗೆ ಗೊತ್ತುಮಾಡಿದ್ದೇವೆ. ಮಧ್ಯಾಹ್ನ ತಲುಪಿ ಮೊದಲು ನ್ಯಾಯಾಲಯದ ವಸ್ತುಸಂಗ್ರಹಾಲಯ, ಆಮೇಲೆ ಬೂಟ್‌ಹಿಲ್. ಮರುದಿನ ಬೆಳಿಗ್ಗೆ ಗಣಿ, ಅದರ ಜೊತೆಗೆ 1885ರಲ್ಲಿ ನೆಟ್ಟು ಇಂದು ಒಂದು ಅಂಗಳವನ್ನೇ ಚಪ್ಪರವಾಗಿ ಮುಚ್ಚಿರುವ ಗುಲಾಬಿ ಗಿಡ, ಏಕೆಂದರೆ ತಾಯಿಯವರಿಗೆ ಬೇಕಾಗಿರುವುದು ಅದೊಂದೇ. ರಾತ್ರಿಯ ಬರ್ಡ್ ಕೇಜ್ ಬಿಟ್ಟು ಬೀದಿಯ ನಡಿಗೆಗೆ ಹೋಗುತ್ತೇವೆ. ಪೆಟ್ಟಿಗೆ ಕೊಡದ ನಡಿಗೆಯನ್ನು ಹುಡುಕುತ್ತಿದ್ದೇನೆ. ಫೋನಿನಲ್ಲಿ ಒಬ್ಬರನ್ನು ಜಾನ್ ಹೀತ್ ಬಗ್ಗೆ ಕೇಳಿದಾಗ, ಆ ಮರಣ ವಿಚಾರಣೆಯ ಕಾಗದದ ಪ್ರತಿ ತಮ್ಮ ಚೀಲದಲ್ಲೇ ಇರುತ್ತದೆ ಎಂದರು. ಅವರನ್ನೇ ಗೊತ್ತುಮಾಡುತ್ತಿದ್ದೇನೆ. ಮಗಳಿಗೆ ದೆವ್ವ ಕಾಣದಿದ್ದರೆ ದುಡ್ಡು ವಾಪಸ್ಸು ಕೊಡುತ್ತೀರಾ ಎಂದು ತಂದೆಯವರು ಹಿಂದಿನಿಂದ ಕೇಳಿಸಿದರು, ಅದಕ್ಕೆ ಮಾತ್ರ ಆತ ನಕ್ಕು ಸುಮ್ಮನಾದರು.